ನೂರು ಯಾವ ಮನೆಗೆ ಸೇರುತ್ತದೆ?

ಗಣಿತದ ಮೇಷ್ಟ್ರ ಬದುಕಿನಲ್ಲಿ ನಗುವಂಥದ್ದು ಏನಿರುತ್ತದೆ ಎಂದು ಕೇಳುವವರಿಗೆ, ಒಂದು ವರ್ಷ ಸಂಖ್ಯಾಶಾಸ್ತ್ರದ ಪಾಠ ಮಾಡಿ ನೋಡಿ ಅನ್ನುತ್ತೇನೆ. ಬೀಜಗಣಿತದ ಎಕ್ಸ್ ಯಾರ ಮನೆಯ ಮಗನೂ ಅಲ್ಲ. ಸಮ ಚಿಹ್ನೆಯ ಆ ಕಡೆ ಎಸೆದರೂ ಈ ಕಡೆ ತಂದರೂ ಪಾಪ, ಸುಮ್ಮನಿರುತ್ತಾನೆ. ತ್ರಿಭುಜ ತನ್ನ ಪಾಡಿಗೆ ತಾನು ಇರುತ್ತದೆ. ಸಂಖ್ಯಾಶಾಸ್ತ್ರದಲ್ಲಿ ಮಾತ್ರ ಅಂಕಿಗಳ ಹಿಂದೆಯೇ ಜನ ಬರುತ್ತಾರೆ. ಜನ ಬಂದ ಮೇಲೆ ತಕರಾರು ಬರದೆ ಇರುತ್ತದೆಯೇ? ವರ್ಷಕ್ಕೊಂದಾದರೂ ಆಗುತ್ತದೆ. ಆ ಒಂದು ವರ್ಷ ಮಾತ್ರ ಸಾಲಾಗಿ ಆದವು.

ನನ್ನ ಮನೆ ನಂಜನಗೂಡಿನಲ್ಲಿ. ಶಾಲೆ ಅಲ್ಲಿಂದ ನರಸೀಪುರದ ಕಡೆ ಹೋಗುವ ದಾರಿಯ ಒಂದು ಹಳ್ಳಿಯಲ್ಲಿ. ಎಂಟು, ಒಂಬತ್ತು, ಹತ್ತು, ಮೂರೇ ತರಗತಿಗಳ ಸರ್ಕಾರಿ ಪ್ರೌಢಶಾಲೆ. ಆ ವರ್ಷ ಜೂನ್‌ನಲ್ಲಿ ದಾಖಲಾತಿ ಮುಗಿದಾಗ ಮಕ್ಕಳು ಸರಿಯಾಗಿ ನೂರಾ ಒಂದು. ಮಠಕ್ಕೆ ಕೊಡುವ ಕಾಣಿಕೆಯ ಹಾಗೆ ಶುಭಸಂಖ್ಯೆ ಎಂದು ಕನ್ನಡ ಮೇಷ್ಟ್ರು ಸಂತೋಷಪಟ್ಟರು. ಹೆಡ್ ಮೇಷ್ಟ್ರಿಗೆ ಸಂತೋಷವಾಗಲಿಲ್ಲ. ಬಿಸಿಯೂಟದ ನಿಯಮದಲ್ಲಿ ನೂರು ಮಕ್ಕಳವರೆಗೆ ಅಡುಗೆಯವರು ಇಬ್ಬರು, ನೂರಾ ಒಂದರಿಂದ ಮೂವರು. ಒಂದು ಮಗು ಶಾಲೆ ಬಿಟ್ಟರೆ ಕಡೆಯಲ್ಲಿ ಸೇರಿದ ಅಡುಗೆಯವರ ಕೆಲಸವೂ ಹೋಗುತ್ತದೆ.

ಕಡೆಯಲ್ಲಿ ಸೇರಿದವರನ್ನು ಮಕ್ಕಳು ‘ಮೂರನೇ ಅಕ್ಕ’ ಅನ್ನುತ್ತಿದ್ದರು. ವಯಸ್ಸಿನಲ್ಲಿ ನನಗಿಂತ ಚಿಕ್ಕವರು. ಆದರೂ ಮಕ್ಕಳ ಬಾಯಲ್ಲಿ ಬಂದದ್ದೇ ನಮ್ಮ ಬಾಯಲ್ಲೂ ನಿಂತಿತು. ಅಕ್ಕಿ ಆರಿಸುವುದು, ಸೊಪ್ಪು ಬಿಡಿಸುವುದು ಅವರ ಪಾಲಿನ ಕೆಲಸ. ಅದನ್ನು ಅವರು ಒಂಬತ್ತನೇ ತರಗತಿಯ ಕಿಟಕಿಯ ಕೆಳಗೆ, ಜಗಲಿಯ ಮೇಲೆ ಕೂತು ಮಾಡುತ್ತಿದ್ದರು. ನೆರಳು ಇರುವುದು ಅಲ್ಲೇ. ಹಾಗಾಗಿ ನಾನು ಒಳಗೆ ಮಾಡುವ ಪಾಠವೆಲ್ಲ ಅವರ ಕಿವಿಗೂ ಬೀಳುತ್ತಿತ್ತು.

ಇಪ್ಪತ್ತರ ಗಂಡನ ಮನೆ

ಮಕ್ಕಳಿಗೆ ಗಣಿತದ ಹೆದರಿಕೆ ಬಿಡಲಿ ಎಂದು ನಾನು ಸಂಖ್ಯಾಶಾಸ್ತ್ರವನ್ನು ಬೇಗ ತೆಗೆದುಕೊಳ್ಳುತ್ತೇನೆ. ಅವತ್ತು ವರ್ಗಾಂತರದ ಪಾಠ. ನೂರಾರು ಅಂಕಿಗಳನ್ನು ಬಿಡಿಬಿಡಿಯಾಗಿ ಇಟ್ಟುಕೊಂಡರೆ ತಲೆ ಕೆಡುತ್ತದೆ, ಅದಕ್ಕೇ ಗುಂಪು ಮಾಡುತ್ತೇವೆ ಎಂದು ಹೇಳಿ ಬೋರ್ಡಿನ ಮೇಲೆ ಹತ್ತರಿಂದ ಇಪ್ಪತ್ತು, ಇಪ್ಪತ್ತರಿಂದ ಮೂವತ್ತು, ಮೂವತ್ತರಿಂದ ನಲವತ್ತು ಎಂದು ಬರೆದೆ. ಹಿಂದಿನ ಬೆಂಚಿನವನೊಬ್ಬ ಕೈ ಎತ್ತಿದ.

“ಸಾ, ಇಪ್ಪತ್ತು ಎರಡು ಕಡೆ ಅದೆ. ಇಪ್ಪತ್ತು ಮಾರ್ಕ್ಸ್ ತಕ್ಕಂಡೋನ್ನ ಯಾವ ಮನೇಲಿ ಕೂರ್ಸದು?”

ಒಳ್ಳೆಯ ಪ್ರಶ್ನೆ. ಗುಂಪಿನ ಮೇಲಿನ ಮಿತಿ ಆ ಗುಂಪಿಗೆ ಸೇರುವುದಿಲ್ಲ, ಮುಂದಿನ ಗುಂಪಿಗೆ ಹೋಗುತ್ತದೆ ಎಂದೆ. ಹಾಗಂತ ಯಾಕೆ ಎಂದ. ಉತ್ತರವನ್ನು ಹೇಗೆ ಹೇಳಲಿ ಎಂದು ನಾನು ಯೋಚಿಸುತ್ತಿದ್ದಾಗ ಮುಂದಿನ ಬೆಂಚಿನ ಹುಡುಗಿ ತಾನೇ ಹೇಳಿಬಿಟ್ಟಳು. “ಮದ್ವೆ ಆದ ಹೆಣ್ಣು ಕಣೋ ಅದು. ಹುಟ್ಟಿದ್ದು ಈ ಮನೇಲಿ, ರೇಷನ್ ಕಾರ್ಡು ಆ ಮನೇಲಿ.”

ಇಷ್ಟು ವರ್ಷದ ನನ್ನ ಸರ್ವೀಸಿನಲ್ಲಿ ಆ ನಿಯಮವನ್ನು ಇಷ್ಟು ಚೆನ್ನಾಗಿ ನಾನೇ ಹೇಳಿರಲಿಲ್ಲ. ಭೇಷ್ ಎಂದು ಅದನ್ನೇ ಹಿಡಿದುಕೊಂಡೆ. ಇಪ್ಪತ್ತು ಗಂಡನ ಮನೆಗೆ, ಮೂವತ್ತು ಗಂಡನ ಮನೆಗೆ ಎಂದು ಅರ್ಧ ಗಂಟೆ ಹೇಳಿಸಿದೆ. ಕಿಟಕಿಯ ಹೊರಗೆ ಮೂರನೇ ಅಕ್ಕ ಸೊಪ್ಪು ಬಿಡಿಸುವುದನ್ನು ನಿಲ್ಲಿಸಿ ತಲೆದೂಗುತ್ತಿದ್ದರು. ಪಾಠ ಗೆದ್ದಿತು ಅಂದುಕೊಂಡೆ.

ಮಾರನೆಯ ದಿನ ಕಿರುಪರೀಕ್ಷೆ ಕೊಟ್ಟೆ. ಪ್ರಶ್ನೆ ಕೇಳಿದ್ದ ಅದೇ ಹುಡುಗ ಇಪ್ಪತ್ತನ್ನು ಹತ್ತು–ಇಪ್ಪತ್ತರ ಗುಂಪಿನಲ್ಲೇ ಕೂರಿಸಿದ್ದ. ಕರೆದು, “ನಿನ್ನೆ ಅಷ್ಟು ಹೇಳಿದ್ದೀನಲ್ಲಪ್ಪ, ಇಪ್ಪತ್ತು ಎಲ್ಲಿಗೆ ಹೋಗಬೇಕು?” ಎಂದೆ.

“ಗಂಡನ್ ಮನೆಗೆ ಸಾ.”

“ಮತ್ತೆ ಇಲ್ಲಿ ಯಾಕೆ ಇಟ್ಟಿದ್ದೀಯ?”

“ಈಗ ಆಷಾಢ ಅಲ್ವಾ ಸಾ, ತೌರಿಗೆ ಬಂದದೆ.”

ತಾತನ ಆವೃತ್ತಿ

ಬೋರ್ಡಿನ ಮೇಲಿನ ಅಂಕಿ ಸಾಕು, ಊರೊಳಗೆ ಹೋಗಿ ನಿಜವಾದ ಅಂಕಿ ತನ್ನಿ ಎಂದು ಮಕ್ಕಳನ್ನು ಜೋಡಿ ಜೋಡಿಯಾಗಿ ಕಳಿಸಿದೆ. ಒಂದೊಂದು ಜೋಡಿಗೆ ಒಂದೊಂದು ಬೀದಿ. ದೊಡ್ಡವರಲ್ಲಿ ನಲವತ್ತು ಜನರ ವಯಸ್ಸು ಕೇಳಿ ಬರೆದುಕೊಂಡು ಬಂದು, ಹತ್ತು ವರ್ಷಕ್ಕೊಂದು ಗುಂಪು ಮಾಡಬೇಕು.

ವಯಸ್ಸು ಕೇಳುವುದು ಇಷ್ಟು ಕಷ್ಟದ ಕೆಲಸ ಎಂದು ನನಗೂ ಗೊತ್ತಿರಲಿಲ್ಲ. ಬಹಳ ಜನ ನಲವತ್ತು, ಐವತ್ತು, ಅರವತ್ತು ಎಂದು ಸೊನ್ನೆಯಲ್ಲೇ ಮುಗಿಯುವ ಹಾಗೆ ಹೇಳಿದ್ದರು. ಒಬ್ಬ ಅಜ್ಜಿ “ನಿಮ್ಮ ಮೇಷ್ಟ್ರಿಗಿಂತ ನಾಕು ವರ್ಷಕ್ಕೆ ದೊಡ್ಡೋಳು, ಅವರದ್ದು ಕೇಳ್ಕಂಡು ಕೂಡ್ಕೊ” ಎಂದಿದ್ದಳು. ಆ ಅಜ್ಜಿಯನ್ನು ನಾನು ನೋಡಿದ್ದೇನೆ. ನಾಲ್ಕು ವರ್ಷದ ಮಾತು ನನಗೆ ಹಿಡಿಸಲಿಲ್ಲ.

ಒಂದು ಜೋಡಿಯ ಪಟ್ಟಿ ಮಾತ್ರ ಬಹಳ ನೀಟಾಗಿತ್ತು. ಸ್ಕೇಲಿನಲ್ಲಿ ಗೆರೆ, ಎರಡು ಬಣ್ಣದ ಪೆನ್ನು. ಆವೃತ್ತಿ ಎಂದರೆ ಆ ಗುಂಪಿನಲ್ಲಿ ಎಷ್ಟು ಸಲ ಅಂಕಿ ಬಂದಿದೆ ಎಂಬುದು. ಅದನ್ನೆಲ್ಲ ಕೂಡಿಸಿದರೆ ಕೇಳಿದ ಜನರ ಸಂಖ್ಯೆ ಸಿಗಬೇಕು. ಕೂಡಿಸಿದೆ, ನಲವತ್ತೆರಡು ಬಂತು. ಮತ್ತೆ ಕೂಡಿಸಿದೆ, ನಲವತ್ತೆರಡೇ.

“ಎಷ್ಟು ಜನರನ್ನ ಕೇಳಿದ್ರಿ?”

“ನಲವತ್ತು ಸಾ.”

“ಇಬ್ಬರು ಜಾಸ್ತಿ ಎಲ್ಲಿಂದ ಬಂದರು?”

ಇಬ್ಬರೂ ಮುಖ ಮುಖ ನೋಡಿಕೊಂಡರು. ಆಮೇಲೆ ಗೊತ್ತಾಯಿತು. ಆ ಬೀದಿಯಲ್ಲಿ ಮೂರನೇ ಅಕ್ಕನ ಮಾವನವರು ಇದ್ದಾರೆ. ವಯಸ್ಸು ಕೇಳಿದಾಗ ಅವರು ಮೊದಲು, “ಐವತ್ತೊಂಬತ್ತು ಬರ್ಕೊಳ್ರಲಾ, ಇನ್ನೂ ಗದ್ದೇಲಿ ಕೆಸರು ತುಳೀತೀನಿ” ಎಂದರಂತೆ. ಆಮೇಲೆ ಅನುಮಾನ ಬಂದು ಒಳಗಿಂದ ಆಧಾರ್ ತರಿಸಿದರು, ಅದರಲ್ಲಿ ಅರವತ್ತೆಂಟು. ಓಟಿನ ಗುರುತಿನ ಚೀಟಿ ತರಿಸಿದರು, ಅದರಲ್ಲಿ ಎಪ್ಪತ್ತೆರಡು. ಮೂರರಲ್ಲಿ ಯಾವುದು ಸರಿ ಎಂದು ಮಕ್ಕಳು ಕೇಳಿದ್ದಕ್ಕೆ, “ಮೂರೂ ನಂದೇ ಕಣ್ರಲಾ” ಎಂದರಂತೆ. ಮಕ್ಕಳು ಮೂರನ್ನೂ ಬರೆದುಕೊಂಡು, ಐವತ್ತರ ಗುಂಪಿನಲ್ಲಿ ಒಂದು, ಅರವತ್ತರಲ್ಲಿ ಒಂದು, ಎಪ್ಪತ್ತರಲ್ಲಿ ಒಂದು ಎಂದು ತಾತನನ್ನು ಮೂರು ಕಡೆ ಕೂರಿಸಿಬಿಟ್ಟಿದ್ದರು.

“ಒಬ್ಬ ಮನುಷ್ಯ ಮೂರು ಗುಂಪಿನಲ್ಲಿ ಇರೋದಕ್ಕೆ ಆಗುತ್ತೇನ್ರೋ?” ಎಂದೆ.

ಎರಡು ಬಣ್ಣದ ಪೆನ್ನಿನವನು ಬಹಳ ವಿನಯದಿಂದ ಹೇಳಿದ. “ಮನ್ಸ ಒಬ್ರೇ ಸಾ. ಆವೃತ್ತಿ ಮೂರು.”

ಪಂಕ್ತಿಯಲ್ಲಿ ಖಾಲಿ ಎಲೆ

ರೇಷನ್ ಕಾರ್ಡಿನ ಮಾತಾಡಿದ ಮುಂದಿನ ಬೆಂಚಿನ ಹುಡುಗಿಗೆ ಬೇರೆ ಕೆಲಸ ಕೊಟ್ಟಿದ್ದೆ. ಒಂಬತ್ತನೇ ತರಗತಿಯ ಮಕ್ಕಳು ಮನೆಯಿಂದ ಶಾಲೆಗೆ ಬರಲು ಎಷ್ಟು ನಿಮಿಷ ಹಿಡಿಯುತ್ತದೆ ಎಂದು ಕೇಳಿ, ಹತ್ತು ನಿಮಿಷಕ್ಕೊಂದು ಗುಂಪು ಮಾಡಿ, ಡ್ರಾಯಿಂಗ್ ಹಾಳೆಯ ಮೇಲೆ ಕಂಬಗಳ ಚಿತ್ರ ಬರೆದು ಗೋಡೆಗೆ ಹಚ್ಚಬೇಕು. ಹಚ್ಚಿದಳು. ಕಂಬಗಳು ಚಿಕ್ಕದರಿಂದ ಏರಿ, ಮಧ್ಯದಲ್ಲಿ ಎತ್ತರವಾಗಿ, ಮತ್ತೆ ಇಳಿದಿದ್ದವು. ನೋಡಲು ಕಣ್ಣಿಗೆ ತಂಪು.

ಅದೇ ವಾರ ಗಣಿತ ವಿಷಯ ಪರಿವೀಕ್ಷಕರು ಶಾಲೆಗೆ ಬಂದರು. ಗೋಡೆಯ ಮುಂದೆ ನಿಂತು, “ಏನ್ರೀ ಮೇಷ್ಟ್ರೇ, ಪುಸ್ತಕದಲ್ಲೂ ಇಷ್ಟು ಚೆನ್ನಾಗಿ ಬರೋದಿಲ್ಲ. ಎಷ್ಟು ಸಹಜವಾದ ಹಂಚಿಕೆ” ಎಂದರು. ನಾನು ಉಬ್ಬಿಹೋದೆ. ಆದರೂ ಎಲ್ಲೋ ಒಂದು ಕಡೆ ಕೊರೆಯುತ್ತಿತ್ತು. ನಮ್ಮ ಮಕ್ಕಳು ಎರಡೇ ಬಗೆ. ಊರಿನವರು ಇಪ್ಪತ್ತು ನಿಮಿಷದೊಳಗೆ ನಡೆದು ಬರುತ್ತಾರೆ. ಹೊರಗಿನವರು ಬಸ್ಸಿಗೆ ಕಾದು, ಬಂದು ಇಳಿಯುವ ಹೊತ್ತಿಗೆ ಅರ್ಧ ಗಂಟೆ ಮೀರುತ್ತದೆ. ಇಪ್ಪತ್ತರಿಂದ ಮೂವತ್ತು ನಿಮಿಷದ ಗುಂಪಿನಲ್ಲಿ ಒಬ್ಬರೂ ಇರುವ ಹಾಗಿಲ್ಲ. ಚಿತ್ರದಲ್ಲಿ ಅಲ್ಲೇ ದೊಡ್ಡ ಕಂಬ ನಿಂತಿತ್ತು.

ಪರಿವೀಕ್ಷಕರೂ ಬುದ್ಧಿವಂತರು. ಹುಡುಗಿಯನ್ನು ಕರೆದು, “ಈ ಮಧ್ಯದ ಕಂಬದಲ್ಲಿ ಯಾರ್ಯಾರು ಇದ್ದಾರಮ್ಮ?” ಎಂದು ಕೇಳಿದರು.

“ನಿಜವಾಗ್ಲೂ ಯಾರೂ ಇಲ್ಲ ಸಾ. ಅದು ಖಾಲಿ ಬಂದಿತ್ತು. ಅತ್ತಗಿಂದ ಐದು ಜನ, ಇತ್ತಗಿಂದ ನಾಕು ಜನ ಸರ್ದು ಕುಂತವ್ರೆ.”

“ಯಾಕೆ ಸರಿದರು?”

ಹುಡುಗಿಗೆ ಆ ಪ್ರಶ್ನೆಯೇ ವಿಚಿತ್ರವಾಗಿ ಕಂಡಿತು. “ಪಂಕ್ತೀಲಿ ಮಧ್ಯದ ಎಲೆ ಖಾಲಿ ಬುಟ್ಕಂಡು ಊಟ ಮಾಡ್ತಾರಾ ಸಾ? ಅಕ್ಕಪಕ್ಕದೋರು ಸರ್ಕಳಲ್ವಾ?”

ಪರಿವೀಕ್ಷಕರು ಇನ್ನೊಮ್ಮೆ ಕಂಬಗಳನ್ನು ನೋಡಿದರು. ಹೋಗುವಾಗ ಭೇಟಿ ಪುಸ್ತಕ ತರಿಸಿಕೊಂಡು ಒಂದೇ ಸಾಲು ಬರೆದರು. ‘ಮಕ್ಕಳಲ್ಲಿ ಸಹಕಾರ ಮನೋಭಾವ ಚೆನ್ನಾಗಿದೆ.’ ಗಣಿತದ ಬಗ್ಗೆ ಏನೂ ಬರೆಯಲಿಲ್ಲ.

ಮೇಲ್ಮಿತಿ ಇಲ್ಲದವರು

ಒಂದು ದಿನ ಊಟ ಬಡಿಸುವಾಗ ಪಕ್ಕದಲ್ಲಿ ನಿಂತಿದ್ದೆ. ಮೂರನೇ ಅಕ್ಕ ಯಾರನ್ನೂ ಎಷ್ಟು ಎಂದು ಕೇಳದೆ ಬಡಿಸುತ್ತಿದ್ದರು. ಒಬ್ಬನಿಗೆ ಒಂದು ಸೌಟು, ಇನ್ನೊಬ್ಬನಿಗೆ ಎರಡು. ತಟ್ಟೆಯಲ್ಲಿ ಯಾರೂ ಬಿಡುತ್ತಿರಲಿಲ್ಲ, ಯಾರೂ ಮತ್ತೆ ಬೇಡುತ್ತಿರಲಿಲ್ಲ. ನೂರಾ ಒಂದು ಹೊಟ್ಟೆಯ ಲೆಕ್ಕ ಹೇಗೆ ನೆನಪಿಟ್ಟುಕೊಳ್ಳುತ್ತೀರಿ ಎಂದು ಕೇಳಿದೆ.

“ನೂರಾ ಒಂದು ಯಾಕೆ ಸಾ ನೆಪ್ಪು ಮಡಿಕಬೇಕು? ನೀವೇ ಹೇಳಿಲ್ವಾ, ಗುಂಪು ಮಾಡ್ಕಬೇಕು ಅಂತ. ಒಂದು ಸೌಟಿನವು ಒಂದು ಗುಂಪು, ಎರಡು ಸೌಟಿನವು ಒಂದು ಗುಂಪು.”

ನನಗೆ ರೋಮಾಂಚನವಾಯಿತು. ಒಳಗೆ ಕೂತ ಮಕ್ಕಳಿಗಿಂತ ಹೊರಗೆ ಕೂತವರಿಗೆ ಪಾಠ ಹತ್ತಿತ್ತು. “ಎರಡೇ ಗುಂಪಾ?” ಎಂದೆ.

“ಇನ್ನೊಂದದೆ. ಅವು ಬಡಿಸ್ತಾ ಇರೋವರ್ಗೂ ತಿಂತವೆ. ಅದಕ್ಕೆ ಮೇಲ್ಗಡೆ ಗೆರೆ ಇಲ್ಲ.”

ಮೇಲ್ಮಿತಿ ಇಲ್ಲದ ವರ್ಗಾಂತರ ಹತ್ತನೇ ತರಗತಿಯ ವಿಷಯ. ಅದನ್ನು ಈಕೆ ಸೌಟಿನಲ್ಲೇ ಕಲಿತುಬಿಟ್ಟಿದ್ದರು. ಆ ಕಡೆ ಕನ್ನಡ ಮೇಷ್ಟ್ರು ರುಚಿ ನೋಡುವ ನೆಪದಲ್ಲಿ ಮೂರನೇ ಸಲ ತಟ್ಟೆ ಹಿಡಿದು ಬರುತ್ತಿದ್ದರು. ನಾನು ಮೆಲ್ಲಗೆ, “ಅವರು ಯಾವ ಗುಂಪು?” ಎಂದೆ.

“ಗೆರೆ ಇಲ್ಲದ್ದು ಸಾ” ಎಂದರು. ಮುಂದಿನ ತಟ್ಟೆಗೆ ಒಂದು ಸೌಟು ಹಾಕಿ, “ನೀವೂವೇ” ಎಂದು ಸೇರಿಸಿದರು.

ಒಬ್ಬಳು ಹೋದಳು

ಸೆಪ್ಟೆಂಬರ್‌ನಲ್ಲಿ ಮುಂದಿನ ಬೆಂಚಿನ ಆ ಹುಡುಗಿಯ ಅಪ್ಪ ಬಂದು ಟಿ.ಸಿ. ಕೇಳಿದರು. ಬನ್ನೂರಿನಲ್ಲಿ ಅವಳ ಅಜ್ಜಿ ಒಬ್ಬರೇ ಇದ್ದಾರೆ, ಕಾಲು ನೋವು, ಮೊಮ್ಮಗಳು ಜೊತೆಗಿದ್ದು ಅಲ್ಲೇ ಓದಲಿ ಎಂದು ಮನೆಯಲ್ಲಿ ತೀರ್ಮಾನವಾಗಿತ್ತು. ಬೇಡ ಎನ್ನಲು ನಾವು ಯಾರು? ಹೆಡ್ ಮೇಷ್ಟ್ರು ಟಿ.ಸಿ.ಗೆ ಸಹಿ ಹಾಕಿ, ಪೆನ್ನಿನ ಮುಚ್ಚಳವನ್ನೂ ಹಾಕದೆ ಕೂತುಬಿಟ್ಟರು. ತಿಂಗಳ ಕೊನೆಗೆ ದಾಖಲಾತಿ ಪಟ್ಟಿ ತಾಲ್ಲೂಕು ಕಚೇರಿಗೆ ಹೋಗಬೇಕು. ಈಗ ನಮ್ಮದು ನೂರು.

ನಾವೆಲ್ಲ ಹಾಜರಿ ಪುಸ್ತಕ ತೆಗೆದು ಮತ್ತೆ ಮತ್ತೆ ಎಣಿಸಿದೆವು. ಮೂರನೇ ಅಕ್ಕನ ಮುಖದಲ್ಲಿ ಮಾತ್ರ ಚಿಂತೆಯೇ ಇಲ್ಲ. ಹುಡುಗಿ ಹೊರಡುವ ದಿನ ಅವಳಿಗಾಗಿ ಅಡುಗೆಮನೆಯಲ್ಲಿ ಪಾಯಸವನ್ನೇ ಮಾಡಿಸಿದರು. “ಚೆನ್ನಾಗಿ ಓದವ್ವ, ಅಜ್ಜಿಗೆ ಎಣ್ಣೆ ತಿಕ್ಕು” ಎಂದು ತಲೆ ಸವರಿ ಕಳಿಸಿದರು. ಎಂಥ ದೊಡ್ಡ ಮನಸ್ಸು ಎಂದು ವಿಜ್ಞಾನದ ಮೇಡಂ ಕಣ್ಣೊರೆಸಿಕೊಂಡರು.

ಮಾರನೆಯ ದಿನ ಕನ್ನಡ ಮೇಷ್ಟ್ರು ಇನ್ನೊಂದು ಸುದ್ದಿ ತಂದರು. ನರಸೀಪುರದ ಒಂದು ಹಾಸ್ಟೆಲ್‌ನಲ್ಲಿ ಅಡುಗೆಗೆ ಜನ ಬೇಕು ಎಂದು ಮೂರನೇ ಅಕ್ಕನನ್ನು ಕರೆದಿದ್ದರಂತೆ, ಈಕೆ ಬರುವುದಿಲ್ಲ ಎಂದು ಹೇಳಿಬಿಟ್ಟಿದ್ದಾರಂತೆ. ನಾನು ನಲ್ಲಿಯ ಹತ್ತಿರ ಅಕ್ಕಿ ತೊಳೆಯುತ್ತಿದ್ದ ಅವರ ಬಳಿಗೆ ಓಡಿದೆ.

“ಯಾಕಕ್ಕ ಬೇಡ ಅಂದಿರಿ? ಇಲ್ಲಿ ನೂರಕ್ಕೆ ಇಳಿದಿದೆ, ಗೊತ್ತಲ್ಲ?”

“ಗೊತ್ತು ಸಾ. ನೂರಾದ್ರೆ ಏನಂತೆ?”

“ನೂರಾದರೆ ಇಬ್ಬರೇ ಅಡುಗೆಯವರು.”

ಮೂರನೇ ಅಕ್ಕ ನನ್ನನ್ನು ನೋಡಿ ನಕ್ಕರು. ಪಾಠ ಮರೆತ ಹುಡುಗನನ್ನು ನಾನು ನೋಡುತ್ತೇನಲ್ಲ, ಹಾಗೆ. “ಏನ್ ಸಾ, ನೀವೇ ಇಂಗಂತೀರಿ. ನೂರು ಅನ್ನೋದು ಕೆಳಗಿನ ಮನೇಲಿ ಹುಟ್ಟಿದ್ರೂ ಮೇಲಿನ ಮನೇದಲ್ವಾ? ಇಪ್ಪತ್ತು ಗಂಡನ್ ಮನೆಗೆ ಓದ್ರೆ ನೂರೂ ಓಗಬೇಕು. ಮೂರು ಜನದ ಮನೆಗೆ.”

ಮನೆ ಅಳಿಯ

ಈಯಮ್ಮ ಪಾಯಸ ಮಾಡಿ ಹಂಚಿದ್ದು, ಬಂದ ಕೆಲಸವನ್ನು ಬಿಟ್ಟಿದ್ದು, ಎಲ್ಲ ನನ್ನ ಪಾಠವನ್ನು ನಂಬಿಕೊಂಡು. ಪಾಠ ತಪ್ಪಲ್ಲ. ಆದರೆ ಅರ್ಧ. ವರ್ಗಾಂತರಗಳಲ್ಲಿ ಎರಡು ಬಗೆ ಇವೆ. ಹತ್ತು–ಇಪ್ಪತ್ತು, ಇಪ್ಪತ್ತು–ಮೂವತ್ತು ಎಂದು ಒಂದೇ ಅಂಕಿ ಎರಡು ಕಡೆ ಬಂದರೆ ಮಾತ್ರ ಅದು ಮುಂದಿನ ಮನೆಗೆ ಹೋಗುತ್ತದೆ. ಸರ್ಕಾರದ ಪಟ್ಟಿ ಹಾಗಿಲ್ಲ. ಅದರಲ್ಲಿ ಇಪ್ಪತ್ತಾರರಿಂದ ನೂರು ಒಂದು ಗುಂಪು, ನೂರಾ ಒಂದರಿಂದ ಇನ್ನೂರು ಇನ್ನೊಂದು. ಅಲ್ಲಿ ನೂರು ಎಲ್ಲಿಗೂ ಹೋಗುವುದಿಲ್ಲ.

ಇದನ್ನು ಅವರಿಗೆ ಹೇಗೆ ಹೇಳಲಿ? ಅವರ ದಾರಿಯಲ್ಲೇ ಹೋದೆ. “ಅಕ್ಕ, ಇಪ್ಪತ್ತನ್ನ ಮದುವೆ ಮಾಡಿ ಕಳಿಸಿಕೊಟ್ಟಿದ್ದಾರೆ. ನೂರನ್ನ ಕಳಿಸಿಲ್ಲ. ಇವರು ಮನೆ ಅಳಿಯನನ್ನ ತಂದುಕೊಂಡಿದ್ದಾರೆ. ನೂರು ಇಲ್ಲೇ, ಇಬ್ಬರ ಮನೆಯಲ್ಲೇ ಉಳಿಯುತ್ತೆ.”

ಅಕ್ಕಿಯ ನೀರು ಪಾತ್ರೆ ತುಂಬಿ ಹರಿಯಿತು. ಅವರು ನಲ್ಲಿ ನಿಲ್ಲಿಸಲಿಲ್ಲ. “ಗೌರ್ಮೆಂಟ್ನೋರು ಮನೆ ಅಳಿಯನ್ನ ತಂದ್ರೆ, ನೀವು ಮೊದ್ಲೇ ಒಂದ್ ಮಾತು ಹೇಳಬಾರ್ದಾಗಿತ್ತಾ ಸಾ?” ಎಂದರು. ಕೋಪದಿಂದ ಅಂದದ್ದಲ್ಲ. ಅದಕ್ಕೇ ನನಗೆ ಹೆಚ್ಚು ನಾಚಿಕೆಯಾಯಿತು. ನರಸೀಪುರಕ್ಕೆ ಫೋನ್ ಮಾಡಿದೆವು. ಅಲ್ಲಿ ಆಗಲೇ ಬೇರೆಯವರು ಸೇರಿಯಾಗಿತ್ತು.

ಸಂಜೆ ಹೆಡ್ ಮೇಷ್ಟ್ರು ಸ್ಟಾಫ್ ರೂಮಿನಲ್ಲಿ ಸಭೆ ಕರೆದರು. ಒಂದೇ ಒಂದು ಮಗು ಬೇಕು. ಶಾಲೆ ಬಿಟ್ಟ ಮಕ್ಕಳು ಊರಿನಲ್ಲಿ ಯಾರಾದರೂ ಇದ್ದಾರಾ ಎಂದು ಟಿ.ಸಿ. ಕೊಟ್ಟ ದಿನದಿಂದ ಬೀದಿ ಬೀದಿ ಸುತ್ತಿದ್ದೆವು, ಒಬ್ಬರೂ ಇರಲಿಲ್ಲ. ಬೇರೆ ಹೊತ್ತಾಗಿದ್ದರೆ ಅದೊಂದು ಹೆಮ್ಮೆಯ ಸಂಗತಿ. ಟೀ ತಂದ ಮೂರನೇ ಅಕ್ಕ ಬಾಗಿಲಲ್ಲೇ ನಿಂತು, “ಸಾ, ನಾನು ಒಂಬತ್ತಕ್ಕೆ ಬುಟ್ಟಿದ್ದು. ನಾನೇ ಸೇರ್ಕಂಡ್ರೆ?” ಎಂದರು.

ಹೆಡ್ ಮೇಷ್ಟ್ರು ಇದನ್ನೂ ಗಂಭೀರವಾಗಿ ಯೋಚಿಸಿದರು. “ಸೇರಿದರೆ ನೂರಾ ಒಂದು ಆಗುತ್ತಮ್ಮ. ಆಗ ಮೂರನೇ ಅಡುಗೆಯವರು ಬೇಕು. ಆದರೆ ಅವರು ಕ್ಲಾಸಿನಲ್ಲಿ ಕೂತಿರ್ತಾರೆ.”

ಅವರು ಹೋದ ಮೇಲೆ ಸ್ಟಾಫ್ ರೂಮಿನಲ್ಲಿ ಎಲ್ಲರೂ ತಮ್ಮ ತಮ್ಮ ಟೀ ಲೋಟ ನೋಡುತ್ತ ಕೂತರು. ಯಾಕೆಂದರೆ ಎಲ್ಲರಿಗೂ ಒಂದೇ ಯೋಚನೆ ಬಂದಿತ್ತು. ನಮ್ಮಲ್ಲಿ ಬಹಳ ಜನರ ಮನೆಯಲ್ಲಿ ಶಾಲೆಗೆ ಹೋಗುವ ಮಕ್ಕಳಿದ್ದರು, ಅವರೆಲ್ಲ ಖಾಸಗಿ ಶಾಲೆಯಲ್ಲಿದ್ದರು. ಕನ್ನಡ ಮೇಷ್ಟ್ರು ತಾವಾಗಿಯೇ, “ನಮ್ಮವನಿಗೆ ಆ ಸ್ಕೂಲಲ್ಲಿ ಸ್ಕೇಟಿಂಗ್ ಇದೆ” ಎಂದರು. ಅವರನ್ನು ಯಾರೂ ಏನೂ ಕೇಳಿರಲಿಲ್ಲ. ವಿಜ್ಞಾನದ ಮೇಡಂ ತಮ್ಮ ಮಗಳಿಗೆ ಬಸ್ಸಿನಲ್ಲಿ ವಾಂತಿಯಾಗುತ್ತದೆ ಎಂದರು. ಧೈರ್ಯವಾಗಿ ಮಾತಾಡಿದವರು ಹೆಡ್ ಮೇಷ್ಟ್ರು ಒಬ್ಬರೇ. “ನನ್ನ ಮಗ ಹೈಸ್ಕೂಲಿನಲ್ಲಿದ್ದಿದ್ದರೆ ನಾಳೆಯೇ ಕರ್ಕೊಂಡು ಬಂದು ಸೇರಿಸ್ತಿದ್ದೆ” ಎಂದು ಮೇಜು ಕುಟ್ಟಿದರು. ಅವರ ಮಗ ಇಂಜಿನಿಯರಿಂಗ್ ಎರಡನೇ ವರ್ಷದಲ್ಲಿದ್ದ.

ನೂರಾ ಒಂದನೆಯವಳು

ನನ್ನ ಮಗಳು ಆಗ ಎಂಟನೇ ತರಗತಿ. ಮನೆಗೆ ಹೋಗಿ ಕಾಫಿ ಕುಡಿಯುವ ಮೊದಲೇ ಎಲ್ಲವನ್ನೂ ಹೇಳಿಬಿಟ್ಟೆ. ಹೆಂಡತಿ ಪೂರ್ತಿ ಕೇಳಿಸಿಕೊಂಡಳು. “ಪಾಠ ತಪ್ಪು ಹೇಳಿದ್ದು ನೀವು, ಶಾಲೆ ಬದಲಾಯಿಸೋದು ಅವಳಾ?” ಎಂದಳು.

“ತಪ್ಪು ಹೇಳಲಿಲ್ಲ, ಅರ್ಧ ಹೇಳಿದ್ದೆ.”

“ನಿಮ್ಮ ಸ್ಕೂಲು ಚೆನ್ನಾಗಿದೆಯಾ?”

“ಚೆನ್ನಾಗಿದೆ. ಪಾಠವೂ ಚೆನ್ನಾಗಿ ಆಗುತ್ತೆ, ಇಂಗ್ಲಿಷ್ ಮಾಧ್ಯಮವೂ ಇದೆ.”

“ಹಾಗಾದ್ರೆ ಇಷ್ಟು ದಿನ ಯಾಕೆ ಸೇರಿಸಿರಲಿಲ್ಲ?”

ನಾನು ಕಾಫಿ ಕೇಳಿದೆ. ಮಗಳು ಆ ಹೊತ್ತಿಗೆ ಪುಸ್ತಕ ಮುಚ್ಚಿ ನಮ್ಮನ್ನೇ ನೋಡುತ್ತಿದ್ದಳು. “ಅಪ್ಪ, ಅಲ್ಲಿ ಟೈ ಕಟ್ಟಬೇಕಾ?” ಎಂದಳು. ಬೇಡ ಎಂದೆ. “ಹಾಗಾದ್ರೆ ಬರ್ತೀನಿ” ಎಂದಳು. ನಾನು ಇಡೀ ದಾರಿ ಬಸ್ಸಿನಲ್ಲಿ ಕಟ್ಟಿಕೊಂಡು ಬಂದಿದ್ದ ಭಾಷಣವೆಲ್ಲ ಹಾಗೇ ಉಳಿಯಿತು.

ಪಟ್ಟಿ ಹೋಗುವುದಕ್ಕೆ ಎರಡು ದಿನ ಮೊದಲು ಅವಳ ಹೆಸರು ದಾಖಲಾಯಿತು. ಕನ್ನಡ ಮೇಷ್ಟ್ರು ಅವತ್ತು ನನ್ನ ಕಡೆ ನೋಡಲಿಲ್ಲ, ವಿಜ್ಞಾನದ ಮೇಡಂ ಅವಳಿಗೊಂದು ಪೆನ್ನು ಕೊಟ್ಟರು. ತಾಲ್ಲೂಕಿನಿಂದ ಬಿಸಿಯೂಟದ ಅಧಿಕಾರಿ ಬಂದು ಹಾಜರಿ ಪುಸ್ತಕ ನೋಡಿದರು, ಊಟಕ್ಕೆ ಕೂತ ಸಾಲಿನಲ್ಲಿ ನಡೆದುಕೊಂಡು ಹೋಗಿ ತಲೆ ಎಣಿಸಿದರು. ಅವರ ಹಿಂದೆಯೇ ಮೂರನೇ ಅಕ್ಕನೂ ಸೌಟು ಹಿಡಿದು, ತುಟಿಯೊಳಗೇ ಎಣಿಸುತ್ತ ನಡೆದರು. ನೂರಾ ಒಂದು ಎಂದು ಇಬ್ಬರೂ ಒಟ್ಟಿಗೆ ಹೇಳಿದರು. ಅಧಿಕಾರಿ ಸಹಿ ಹಾಕಿ ಹೋದರು.

ಆಮೇಲೆ ನನ್ನ ಮಗಳ ಪಾಡು ಹೇಳಬಾರದು. ಒಂದು ಸೌಟಿನ ಹುಡುಗಿಗೆ ದಿನಾ ಎರಡು ಸೌಟು. ಒಂದು ಸೀನು ಸೀನಿದರೆ ಕಷಾಯ. ಜ್ವರ ಬಂದು ಒಂದು ದಿನ ಮನೆಯಲ್ಲಿ ಉಳಿದಿದ್ದಕ್ಕೆ ಮೂರನೇ ಅಕ್ಕ ಸಂಜೆ ನಂಜನಗೂಡಿನ ಬಸ್ಸು ಹತ್ತಿ ಬಂದು, ಬಾಗಿಲಲ್ಲಿ ನಿಂತು, “ಉಸಾರಾಗವ್ಳಾ?” ಎಂದು ಕೇಳಿ, ಅದೇ ಬಸ್ಸಿಗೆ ವಾಪಸ್ ಹೋದರು. ಹೆಂಡತಿಗೆ ಮೂರನೇ ಅಕ್ಕನ ಮೇಲೆ ಪ್ರೀತಿ ಬಂದದ್ದು ಅವತ್ತು.

ದಸರಾ ರಜೆ ಮುಗಿದ ಮೊದಲ ಸೋಮವಾರ ಶಾಲೆಗೆ ಹೋದರೆ, ಒಂಬತ್ತನೇ ತರಗತಿಯ ಮುಂದಿನ ಬೆಂಚಿನಲ್ಲಿ ಬನ್ನೂರಿಗೆ ಹೋಗಿದ್ದ ಹುಡುಗಿ ಕೂತಿದ್ದಾಳೆ. ಅಜ್ಜಿಯ ಕಾಲುನೋವು ವಾಸಿಯಾಯಿತೇ ಎಂದು ಕೇಳಿದೆ. “ವಾಸಿ ಆಗೋಯ್ತು ಸಾ, ಅದೇ ಕಷ್ಟ. ಬೆಳಿಗ್ಗೆ ನಾಕು ಗಂಟೆಗೇ ಎದ್ದು ನನ್ನೂ ಎಬ್ಬಿಸ್ತಿತ್ತು” ಎಂದಳು. ಅವಳಪ್ಪ ಆಗಲೇ ಹೆಡ್ ಮೇಷ್ಟ್ರ ಮುಂದೆ ಅರ್ಜಿ ಹಿಡಿದು ನಿಂತಿದ್ದರು. ಶಾಲೆಯ ಸಂಖ್ಯೆ ನೂರಾ ಎರಡು.

ಈ ಸುದ್ದಿಯನ್ನು ಮನೆಯಲ್ಲಿ ಹೇಳಬಾರದಿತ್ತು. ಹೇಳಿದೆ. ಹೆಂಡತಿ ಕೈಬೆರಳು ಮಡಿಸಿ ನೋಡಿ, “ಹಾಗಾದ್ರೆ ಈಗ ನಮ್ಮವಳು ಇಲ್ಲದಿದ್ದರೂ ನೂರಾ ಒಂದು ಇರುತ್ತೆ. ಹಳೇ ಸ್ಕೂಲಿನವರು ಬೇಕಾದರೆ ಮತ್ತೆ ಸೇರಿಸಿಕೊಳ್ತೀವಿ ಅಂದಿದ್ದಾರೆ. ಆಯಮ್ಮನ್ನ ಒಂದು ಮಾತು ಕೇಳಿ ನೋಡಿ” ಎಂದಳು. ಲೆಕ್ಕ ಸರಿಯಾಗಿತ್ತು. ಗಣಿತದ ಮೇಷ್ಟ್ರಾಗಿ ನಾನು ಅದನ್ನು ತಪ್ಪು ಎನ್ನುವ ಹಾಗಿರಲಿಲ್ಲ.

ಮಾರನೆಯ ದಿನ ಅಡುಗೆಮನೆಗೆ ಹೋಗಿ, ಅಳುಕುತ್ತಲೇ ವಿಷಯ ಹೇಳಿದೆ. ಮೂರನೇ ಅಕ್ಕ ಸಾರಿಗೆ ಒಗ್ಗರಣೆ ಹಾಕುತ್ತಿದ್ದರು. ಅದನ್ನು ಮುಗಿಸಿ, ಒಲೆ ಸಣ್ಣ ಮಾಡಿ, ಸೆರಗಿನಲ್ಲಿ ಕೈ ಒರೆಸಿಕೊಂಡು ನನ್ನ ಕಡೆ ತಿರುಗಿದರು.

“ಸಾ, ನಮ್ಮೆಜಮಾನ್ರು ಆಟೋ ಓಡಿಸ್ತಾರೆ. ಆಟೋಕ್ಕೆ ಚಕ್ರ ಎಷ್ಟು?”

“ಮೂರು.”

“ಮೂರರಲ್ಲೇ ಓಡ್ತದೆ. ಆದ್ರೂ ಸ್ಟೆಪ್ನಿ ಇಲ್ದೆ ಅವರು ಒಂದಿನಾನೂ ಮನೆ ಬುಟ್ಟು ಒರಡಿಲ್ಲ. ನಿಮ್ಮ ಮಗಳು ಇರ್ಲಿ ಸಾ.”